ಗೋಪೀನಾಥರು ಆಂಜನೇಯನ ಪೆನ್‌ಡ್ರೈವ್ ರಿಪೇರಿ ಮಾಡಿದ್ದು

ಬಸವೇಶ್ವರನಗರದ ಆ ಅಡ್ಡರಸ್ತೆಗೆ ಬೆಳಗು ಮಾಡಿಸುವ ಜವಾಬ್ದಾರಿ ಬಹಳ ವರ್ಷಗಳಿಂದ ಒಂದು ಪೆನ್‌ಡ್ರೈವಿನದಾಗಿತ್ತು. ಸೂರ್ಯನೂ ಬರುತ್ತಿದ್ದ, ಇಲ್ಲವೆನ್ನುವುದಿಲ್ಲ. ಆದರೆ ಅವನನ್ನು ನಂಬಿಕೊಂಡು ಯಾರೂ ಒಲೆ ಹಚ್ಚುತ್ತಿರಲಿಲ್ಲ. ರಸ್ತೆ ಕೊನೆಯ ಆಂಜನೇಯನ ಗುಡಿಯಲ್ಲಿ ಅರ್ಚಕ ಸುಧೀಂದ್ರಾಚಾರ್ಯರು ಆಂಪ್ಲಿಫೈಯರಿಗೆ ಪೆನ್‌ಡ್ರೈವ್ ಸಿಕ್ಕಿಸಿ ಗುಂಡಿ ಒತ್ತಿದರೆ ಸಾಕು, ಅನಂತಲಕ್ಷ್ಮಿಯವರ ದನಿಯಲ್ಲಿ ‘ಹಾಲು ಕಾದಿದೆ ಹನುಮ, ಹಾಸಿಗೆಯ ಬಿಡೋ’ ಎಂಬ ಹಾಡು ಹೊರಡುತ್ತಿತ್ತು. ಹನುಮ ಎದ್ದನೋ ಬಿಟ್ಟನೋ, ರಸ್ತೆಯಂತೂ ಏಳುತ್ತಿತ್ತು.

ಅದು ಅನಂತಲಕ್ಷ್ಮಿಯವರ ಅಜ್ಜಿ ಕಟ್ಟಿದ ಹಾಡು, ಯಾವ ಪುಸ್ತಕದಲ್ಲೂ ಇಲ್ಲ. ಮೊದಲೆಲ್ಲ ಅನಂತಲಕ್ಷ್ಮಿಯವರೇ ದಿನಾ ಬೆಳಿಗ್ಗೆ ಗುಡಿಗೆ ಹೋಗಿ ಹಾಡಿ ಬರುತ್ತಿದ್ದರು. ಪಾಪ, ಚಳಿಯಲ್ಲಿ ಹೆಂಡತಿಗೆ ಯಾಕೆ ಈ ಶ್ರಮ ಎಂದು ಅವರ ಯಜಮಾನರಾದ ಗೋಪೀನಾಥರು ಒಂದು ದಿನ ಅವರನ್ನು ನಡುಮನೆಯಲ್ಲಿ ಕೂರಿಸಿ, ಕಂಪ್ಯೂಟರಿನಲ್ಲಿ ಹಾಡನ್ನು ಹಿಡಿದು, ಪೆನ್‌ಡ್ರೈವಿಗೆ ತುಂಬಿ ದೇವರಿಗೆ ಒಪ್ಪಿಸಿಬಿಟ್ಟರು. ಎರಡನೆಯ ಚರಣ ಹಾಡುವಾಗ ಅಡುಗೆಮನೆಯಲ್ಲಿ ಕುಕ್ಕರ್ ಕೂಗಿತು. ಅನಂತಲಕ್ಷ್ಮಿ ರಾಗವನ್ನೂ ಬಿಡದೆ, ತಾಳವನ್ನೂ ಬಿಡದೆ, ‘ರೀ, ಕುಕ್ಕರ್ ಆಫ್ ಮಾಡಿ’ ಎಂದು ಹಾಡಿಕೊಂಡೇ ಮುಂದಿನ ಸಾಲಿಗೆ ಹೋದರು. ಎದ್ದರೆ ಎಲ್ಲಿ ರೆಕಾರ್ಡಿಂಗ್ ಕೆಡುತ್ತದೋ ಎಂದು ಗೋಪೀನಾಥರು ಕದಲಲಿಲ್ಲ. ಆವತ್ತು ಅನ್ನ ಗಂಜಿಯಾಯಿತು. ಇಬ್ಬರೂ ಅದನ್ನೇ ಉಂಡರು. ಇನ್ನೊಂದು ಸಲ ರೆಕಾರ್ಡ್ ಮಾಡೋಣವೆಂದು ಹೇಳುವ ಧೈರ್ಯ ಗೋಪೀನಾಥರಿಗೆ ಬರಲಿಲ್ಲ.

ಹೀಗೆ ಆ ಸಾಲು ಹಾಡಿನೊಳಗೇ ಉಳಿದುಹೋಯಿತು. ಉಳಿದದ್ದು ಬೆಳೆಯಿತು ಕೂಡ. ರಸ್ತೆಯ ಹೆಂಗಸರು ಆ ಸಾಲು ಬರುವ ಹೊತ್ತಿಗೆ ಸರಿಯಾಗಿ ತಂತಮ್ಮ ಕುಕ್ಕರ್ ಆರಿಸುವುದನ್ನು ರೂಢಿ ಮಾಡಿಕೊಂಡರು. ಗುಡಿಯ ಮುಂದೆ ಹೂವು ಮಾರುವ ರಾಮಕ್ಕ ಆ ಸಾಲಿಗೆ ಮೊದಲ ಮೊಳ ಅಳೆಯುತ್ತಿದ್ದಳು. ಈ ಹಾಡು ಕೇಳಿಕೊಂಡೇ ಬೆಳೆದ ಮಕ್ಕಳಂತೂ ಅದು ಅಜ್ಜಿಯೇ ಕಟ್ಟಿದ ಸಾಲೆಂದು ತಿಳಿದಿದ್ದರು. ಶಿವಾನಿ ಎಂಬ ಹುಡುಗಿ ಶಾಲೆಯ ಭಕ್ತಿಗೀತೆ ಸ್ಪರ್ಧೆಯಲ್ಲಿ ಕುಕ್ಕರಿನ ಸಾಲನ್ನು ಕಣ್ಣು ಮುಚ್ಚಿ, ಎರಡು ಸಲ ಆವರ್ತಿಸಿ ಹಾಡಿದಳು. ಸಂಸಾರದಲ್ಲಿದ್ದುಕೊಂಡೇ ಭಗವಂತನನ್ನು ಕಾಣುವ ಅಪರೂಪದ ಭಾವ ಇಲ್ಲಿದೆಯೆಂದು ತೀರ್ಪುಗಾರರು ಮೆಚ್ಚಿ ಮೊದಲನೆಯ ಬಹುಮಾನ ಕೊಟ್ಟರು.

ಇನ್ನು ಗೋಪೀನಾಥರ ವಿಷಯ. ಸರ್ಕಾರಿ ಕಚೇರಿಯೊಂದರ ಉಗ್ರಾಣ ವಿಭಾಗದಿಂದ ನಿವೃತ್ತರಾದ ಮೇಲೆ ಅವರಿಗೆ ಕೈಗೆ ಕೆಲಸವಿರಲಿಲ್ಲ, ತಲೆಗೆ ಬಿಡುವಿರಲಿಲ್ಲ. ಒಂದು ದಿನ ರಸ್ತೆ ತಿರುವಿನಲ್ಲಿ ಜೆರಾಕ್ಸ್ ಅಂಗಡಿ ಇಟ್ಟಿರುವ ಸಿದ್ದೇಶ್ ಕೆಟ್ಟುಹೋದ ಪೆನ್‌ಡ್ರೈವ್ ಒಂದನ್ನು ಕಸದ ಬುಟ್ಟಿಗೆ ಹಾಕುತ್ತಿದ್ದ. ಗೋಪೀನಾಥರು ಅದನ್ನು ಇಸಿದುಕೊಂಡು ಮನೆಗೆ ತಂದು, ಇಂಟರ್‌ನೆಟ್ಟಿನಲ್ಲಿ ಒಂದು ವಿಡಿಯೋ ನೋಡಿದರು. ಪೆನ್‌ಡ್ರೈವಿನೊಳಗೆ ಒಂದು ಗೋಡೌನಿದೆ, ಅದನ್ನು ನೋಡಿಕೊಳ್ಳುವ ಒಬ್ಬ ಸ್ಟೋರ್‌ಕೀಪರ್ ಚಿಪ್ ಇದ್ದಾನೆ. ಆ ಸ್ಟೋರ್‌ಕೀಪರನ ತಲೆಯಲ್ಲಿರುವ ಬುದ್ಧಿಗೆ ಫರ್ಮ್‌ವೇರ್ ಎಂದು ಹೆಸರು. ಅದು ಕೆಟ್ಟರೆ ಗೋಡೌನಿಗೆ ಬೀಗ ಬೀಳುತ್ತದೆ. ಆಗ ಚಿಪ್ಪಿನ ಎರಡು ಕಾಲುಗಳನ್ನು ಪಿನ್ನಿನಿಂದ ಒಂದಕ್ಕೊಂದು ಮುಟ್ಟಿಸಿ ಅವನನ್ನು ಎಚ್ಚರ ತಪ್ಪಿಸಿ, ಕಾರ್ಖಾನೆಯವರ ಸಾಫ್ಟ್‌ವೇರ್ ಓಡಿಸಿ, ಹೊಸ ಬುದ್ಧಿ ತುಂಬಬೇಕು. ಇಷ್ಟು ತಿಳಿದ ಕೂಡಲೇ ಗೋಪೀನಾಥರಿಗೆ ಮೈಯೆಲ್ಲ ರೋಮಾಂಚನವಾಯಿತು. ಸರ್ವಿಸಿನಲ್ಲಿದ್ದಾಗ ಎಷ್ಟು ಜನ ಸ್ಟೋರ್‌ಕೀಪರುಗಳಿಗೆ ಹೀಗೆ ಮಾಡಬೇಕೆಂದು ಅವರು ಆಸೆಪಟ್ಟಿದ್ದರೋ ಏನೋ. ಆ ಸಂಭ್ರಮದಲ್ಲಿ ವಿಡಿಯೋದ ಉಳಿದ ಅರ್ಧ ನೋಡಲಿಲ್ಲ.

ಸಿದ್ದೇಶನ ಪೆನ್‌ಡ್ರೈವ್ ಬದುಕಿತು. ಅದರಲ್ಲಿದ್ದ ಹಾಡುಗಳು ಒಂದೂ ಇಲ್ಲವಲ್ಲ ಸಾರ್ ಎಂದು ಅವನು ತಲೆ ಕೆರೆದುಕೊಂಡ. ಜೀವ ಬಂದದ್ದು ದೊಡ್ಡದೋ ಹಾಡು ದೊಡ್ಡದೋ ಎಂದು ಗೋಪೀನಾಥರು ಕೇಳಿದರು. ಅವನಿಗೂ ಸರಿ ಎನ್ನಿಸಿತು. ಆವತ್ತಿನಿಂದ ರಸ್ತೆಯವರು ಅವರನ್ನು ಪೆನ್‌ಡ್ರೈವ್ ಡಾಕ್ಟರ್ ಎಂದು ಕರೆಯತೊಡಗಿದರು. ಅವರೂ ಬೇಡವೆನ್ನಲಿಲ್ಲ. ಮೇಜಿನ ಮೇಲೆ ಭೂತಗನ್ನಡಿ, ಚಿಮುಟ, ಹೆಂಡತಿಯ ಸೀರೆಯ ಒಂದು ಪಿನ್ನು ಸಾಲಾಗಿ ಬಂದು ಕುಳಿತವು.

ಈಗ ಆಯುಧಪೂಜೆಗೆ ಬರೋಣ. ಸುಧೀಂದ್ರಾಚಾರ್ಯರು ಶ್ರದ್ಧೆಯ ಮನುಷ್ಯರು. ಗುಡಿಯ ಗಂಟೆ, ಆಂಪ್ಲಿಫೈಯರು, ಮೈಕು ಎಲ್ಲಕ್ಕೂ ವರ್ಷವರ್ಷವೂ ಗಂಧ ಕುಂಕುಮ ಹಚ್ಚಿ ಪೂಜೆ ಮಾಡುವರು. ಪೆನ್‌ಡ್ರೈವಿಗೆ ಮಾತ್ರ ಕಡಿಮೆ ಮಾಡಲಾದೀತೇ? ಅದಕ್ಕೂ ಮುಂದೆ ಹಿಂದೆ ಗಂಧ, ನೆತ್ತಿಗೆ ಕುಂಕುಮ. ದೇವರ ಸಾಮಾನನ್ನು ಕಂಡಕಂಡ ಕಂಪ್ಯೂಟರಿಗೆ ಚುಚ್ಚಿದರೆ ಮೈಲಿಗೆಯೆಂದು ಅದರ ಒಂದು ಕಾಪಿಯನ್ನೂ ಅವರು ಮಾಡಿಸಲು ಬಿಟ್ಟಿರಲಿಲ್ಲ. ಈ ಸಲ ಭಕ್ತಿ ಸ್ವಲ್ಪ ಗಟ್ಟಿಯಾಗಿಯೇ ಬಿತ್ತೆಂದು ಕಾಣುತ್ತದೆ. ಮಾರನೆಯ ಬೆಳಿಗ್ಗೆ ಗುಂಡಿ ಒತ್ತಿದರೆ ಪೆನ್‌ಡ್ರೈವ್ ತುಟಿಪಿಟಕ್ಕೆನ್ನಲಿಲ್ಲ.

ರಸ್ತೆ ಏಳಲಿಲ್ಲ. ಎದ್ದವರು ಕುಕ್ಕರ್ ಆರಿಸಲಿಲ್ಲ. ಹಾಲಿನ ವ್ಯಾನು ಹಾರನ್ ಹೊಡೆದು ಹೊಡೆದು ಹೊರಟುಹೋಯಿತು. ರಾಮಕ್ಕ ಮೊದಲ ಮೊಳ ಯಾವಾಗ ಅಳೆಯುವುದೆಂದು ತಿಳಿಯದೆ ಬುಟ್ಟಿ ಮುಂದಿಟ್ಟುಕೊಂಡು ಕೂತೇ ಇದ್ದಳು. ಅಷ್ಟರಲ್ಲಿ ಗುಡಿ ಸಮಿತಿಯ ಅಧ್ಯಕ್ಷ ಚನ್ನವೀರೇಶ್ ಪೆನ್‌ಡ್ರೈವನ್ನು ಹಿತ್ತಾಳೆ ತಟ್ಟೆಯಲ್ಲಿ ವೀಳ್ಯದೆಲೆಯ ಮೇಲೆ ಮಲಗಿಸಿಕೊಂಡು, ಹಿಂದೆ ನಾಲ್ಕು ಜನರನ್ನು ಕಟ್ಟಿಕೊಂಡು ಗೋಪೀನಾಥರ ಮನೆಗೆ ಬಂದರು. ಮುಂದಿನ ಪಾಲಿಕೆ ಚುನಾವಣೆಯ ಮೇಲೆ ಕಣ್ಣಿಟ್ಟಿದ್ದ ಅವರು ನಾಲ್ಕು ಜನರಿಲ್ಲದೆ ಹಾಲು ತರಲೂ ಹೋಗುತ್ತಿರಲಿಲ್ಲ.

ಜೊತೆಗೆ ಬಂದಿದ್ದ ಸಿದ್ದೇಶ್ ಮೆಲ್ಲಗೆ, “ಸಾರ್, ಮೊದ್ಲು ಒಂದ್ಸಲ ಒರೆಸಿ ಹಾಕಿ ನೋಡೋಣ. ಆಗ್ಲಿಲ್ಲ ಅಂದ್ರೆ ಡೇಟಾ ತೆಗೆದುಕೊಡೋರು ಇದಾರೆ, ಅವರ ಹತ್ರ ಹೋಗೋಣ” ಅಂದ.

“ಒರೆಸೋಕೆ ನಾನ್ಯಾಕಪ್ಪ ಬೇಕು?” ಅಂದರು ಗೋಪೀನಾಥರು. ಹೃದಯದ ಡಾಕ್ಟರಿಗೆ ಥರ್ಮಾಮೀಟರ್ ಕೊಟ್ಟ ಹಾಗಾಗಿತ್ತು ಅವರಿಗೆ.

ಚಿಕಿತ್ಸೆ ನಡುಮನೆಯಲ್ಲಿ ನಡೆಯಿತು. ಅನಂತಲಕ್ಷ್ಮಿ ಅಡುಗೆಮನೆಯ ಬಾಗಿಲಲ್ಲಿ ಸೆರಗಿಗೆ ಕೈ ಒರೆಸಿಕೊಳ್ಳುತ್ತ ನಿಂತು ನೋಡಿದರು. ಗೋಪೀನಾಥರು ಕವಚ ಬಿಚ್ಚಿದರು. ಒಳಗಿಂದ ಒಣಗಿದ ಗಂಧ ಗೋಡೆಯ ಗಾರೆಯಂತೆ ಉದುರಿತು. ಅದನ್ನು ಪಿನ್ನಿನಿಂದ ಕೆರೆದು ಚೊಕ್ಕಟ ಮಾಡಿದರು. ಆಮೇಲೆ ಅದೇ ಪಿನ್ನಿನಿಂದ ಚಿಪ್ಪಿನ ಎರಡು ಕಾಲುಗಳನ್ನು ಮುಟ್ಟಿಸಿ ಹಿಡಿದು ಕಂಪ್ಯೂಟರಿಗೆ ಸಿಕ್ಕಿಸಿದರು. ಕಂಪ್ಯೂಟರ್ ಟೊಂಯ್ ಎಂದಿತು. ಕಾರ್ಖಾನೆಯ ಸಾಫ್ಟ್‌ವೇರ್ ತೆರೆದುಕೊಂಡಿತು, ಪೂರ್ತಿ ಚೀನೀ ಭಾಷೆಯಲ್ಲಿ. ಅದು ಕೆಂಪು ಅಕ್ಷರಗಳಲ್ಲಿ ಏನೋ ಉದ್ದಕ್ಕೆ ಕೇಳಿತು. ಬಂದವರೆಲ್ಲ ಉಸಿರು ಬಿಗಿ ಹಿಡಿದು ನೋಡುತ್ತಿರುವಾಗ ಓದಲು ಬರುವುದಿಲ್ಲ ಎನ್ನಲಾದೀತೇ? ಗೋಪೀನಾಥರು ಗಂಭೀರವಾಗಿ ತಲೆದೂಗಿ ಎಡಗಡೆಯ ಗುಂಡಿ ಒತ್ತಿದರು. ಪಟ್ಟಿ ಓಡಿತು, ಓಡಿತು, ಕೊನೆಗೆ ಹಸಿರಾಯಿತು.

ಬದುಕಿತು ಎಂದರು ಗೋಪೀನಾಥರು. ಚನ್ನವೀರೇಶರು ಅವರ ಎರಡೂ ಕೈ ಹಿಡಿದುಕೊಂಡು, ಶನಿವಾರ ಬೆಳಿಗ್ಗೆ ಗುಡಿಯಲ್ಲಿ ಸನ್ಮಾನ, ಹಾಡು ಆವತ್ತೇ ಮತ್ತೆ ಶುರು, ನೀವು ಬೇಡವೆಂದರೂ ಬಿಡುವುದಿಲ್ಲ ಎಂದರು. ಗೋಪೀನಾಥರು ಬೇಡವೆಂದಿರಲಿಲ್ಲ. ಸಂಜೆಯೊಳಗೆ ತಿರುವಿನಲ್ಲಿ ಫ್ಲೆಕ್ಸ್ ಎದ್ದಿತು. ಗೋಪೀನಾಥರ ಫೋಟೋ ಪೋಸ್ಟ್‌ಕಾರ್ಡಿನಷ್ಟು, ಚನ್ನವೀರೇಶರದು ಬಾಗಿಲಿನಷ್ಟು.

ಜನ ಹೋದ ಮೇಲೆ ಗೋಪೀನಾಥರು ಒಂದು ಸಲ ಕೇಳಿಬಿಡೋಣವೆಂದು ಪೆನ್‌ಡ್ರೈವ್ ತೆರೆದರು. ಒಳಗೆ ಗೃಹಪ್ರವೇಶಕ್ಕೆ ಮುಂಚಿನ ಹೊಸ ಮನೆಯ ಹಾಗೆ ಖಾಲಿ.

ಆಗ ಅವರು ವಿಡಿಯೋದ ಉಳಿದ ಅರ್ಧ ನೋಡಿದರು. ಅದರಲ್ಲಿ ಪಾಠ ಹೇಳುವ ಮನುಷ್ಯ ಸಾವಧಾನವಾಗಿ ಹೇಳಿದ: ಹೊಸ ಸ್ಟೋರ್‌ಕೀಪರು ಬಂದೊಡನೆ ಗೋಡೌನನ್ನು ಗುಡಿಸಿ ಹಾಕುತ್ತಾನೆ, ಒಳಗಿದ್ದದ್ದು ಯಾರ ಕೈಗೂ ಸಿಗುವುದಿಲ್ಲ, ಆದ್ದರಿಂದ ಒಳಗಿರುವುದು ಬೇಡವಾದಾಗ ಮಾತ್ರ ಇದನ್ನು ಮಾಡಿ. ಅದಕ್ಕೂ ಮುಂಚೆ ಮೂತಿಯನ್ನು ಒಂದು ಸಲ ಒರೆಸಿ ನೋಡಿ, ಎಷ್ಟೋ ಸಲ ಅಷ್ಟೇ ಸಾಕಾಗುತ್ತದೆ. ಗೋಪೀನಾಥರು ಮೇಜಿನ ಮೇಲೆ ಉದುರಿದ್ದ ಗಂಧದ ಪುಡಿ ನೋಡಿದರು. ಪೆನ್‌ಡ್ರೈವಿಗೆ ರೋಗವೇ ಇರಲಿಲ್ಲ. ಸನ್ಮಾನದ ಯೋಚನೆ ಆಮೇಲೆ ಬಂತು, ಅದಕ್ಕೂ ಮೊದಲು ಹೆಂಡತಿಯ ದನಿ ನೆನಪಾಯಿತು. ಅವಳ ಆಗಿನ ದನಿ ಈ ಲೋಕದಲ್ಲಿ ಉಳಿದಿದ್ದುದು ಅದೊಂದೇ ಜಾಗದಲ್ಲಿ, ಅದನ್ನು ಅವರು ಅವಳ ಸೀರೆಯ ಪಿನ್ನಿನಿಂದಲೇ ಅಳಿಸಿದ್ದರು.

ನಿಜ ಹೇಳಿಬಿಡಬಹುದಿತ್ತು. ಆದರೆ ಸುಧೀಂದ್ರಾಚಾರ್ಯರು ಬಂದು ಹೇಗಿದೆ ಎಂದು ಕೇಳಿದಾಗ ಗೋಪೀನಾಥರ ಬಾಯಿಂದ, ಸ್ವಲ್ಪ ಅಬ್ಸರ್ವೇಷನ್ನಿನಲ್ಲಿಟ್ಟಿದ್ದೇನೆ ಎಂಬ ಮಾತು ಬಂತು. ಆಚಾರ್ಯರು ಅದನ್ನು ಚನ್ನವೀರೇಶರಿಗೆ ಹೇಳಿದರು. ಚನ್ನವೀರೇಶರು ಅದು ಐಸಿಯುವಿನಲ್ಲಿದೆಯೆಂದು ವಾಟ್ಸಾಪಿನಲ್ಲಿ ಪ್ರಕಟಣೆ ಹೊರಡಿಸಿ, ಯಾರೂ ಗಾಬರಿಯಾಗಬಾರದೆಂದು ವಿನಂತಿಸಿದರು. ಎಲ್ಲರೂ ಗಾಬರಿಯಾದರು. ರಾಮಕ್ಕ ಒಂದು ಮೊಳ ಮಲ್ಲಿಗೆ ತಂದು ಪೆನ್‌ಡ್ರೈವಿಗೆ ಮುಡಿಸಿ ಎಂದು ಕೊಟ್ಟಳು. ಎದುರು ಮನೆಯವರು ಕಣ್ಣುದೃಷ್ಟಿಯಾಗಿರಬೇಕೆಂದು ಮೆಣಸಿನಕಾಯಿ ಉಪ್ಪು ನಿವಾಳಿಸಿ ಹೋದರು. ರಸ್ತೆಯ ಉಳಿದವರು ತಂತಮ್ಮ ಮನೆಯ ಸತ್ತ ಪೆನ್‌ಡ್ರೈವುಗಳನ್ನು ಹಿಡಿದು ಗೇಟಿನ ಹತ್ತಿರ ನಿಂತರು. ಒಬ್ಬರ ಮಗಳ ಮದುವೆ ಅದರಲ್ಲಿತ್ತು, ಒಬ್ಬರ ತಂದೆಯ ಫೋಟೋಗಳು ಇದ್ದವು. ಗೋಪೀನಾಥರು ಒಂದನ್ನೂ ಮುಟ್ಟಲಿಲ್ಲ. ಮೊದಲು ಒರೆಸಿ ನೋಡಿ ಎಂದಷ್ಟೇ ಕೈಮುಗಿದು ಹೇಳಿ ಕಳಿಸಿದರು. ಅದರಲ್ಲಿ ಎಷ್ಟೋ ಒರೆಸಿದ ಕೂಡಲೇ ಸರಿಹೋಗಿ ಡಾಕ್ಟರ ಕೀರ್ತಿ ಇನ್ನೂ ಹೆಚ್ಚಿತು.

ಗೋಪೀನಾಥರು ಸ್ಕೂಟರ್ ಹತ್ತಿ ಹಾಡಿನ ಕಾಪಿ ಹುಡುಕಲು ಹೊರಟರು. ರೆಕಾರ್ಡ್ ಮಾಡಿದ್ದ ಹಳೆಯ ಕಂಪ್ಯೂಟರು ಎಂದೋ ಗುಜರಿಗೆ ಹೋಗಿತ್ತು. ಗುಡಿಗೆ ಮೈಕು ಜೋಡಿಸಿಕೊಟ್ಟಿದ್ದ ಮಾರೇನಹಳ್ಳಿಯ ಸೌಂಡ್ ಸಿಸ್ಟಮ್ಮಿನವನ ಬಳಿ ಇರಲಿಲ್ಲ. ಹೇರೋಹಳ್ಳಿಯಲ್ಲಿ ಹೊಸ ಮನೆ ಕಟ್ಟಿಕೊಂಡು ಹೋಗಿದ್ದ ಶಿವಾನಿಯ ಮನೆಯವರನ್ನು, ದಾರಿಯ ಹೊಂಡಗಳನ್ನು ಎಣಿಸಲಾಗದೆ ಬಿಟ್ಟು, ಹುಡುಕಿಕೊಂಡು ಹೋದರು. ಆ ಹುಡುಗಿ ಹಾಡನ್ನು ಪೂರ್ತಿ ಹಾಡಿ ತೋರಿಸಿದಳು, ರೆಕಾರ್ಡು ಮಾತ್ರ ಇಲ್ಲವೆಂದಳು. ಸುಂಕದಕಟ್ಟೆಯಲ್ಲಿ ಗುಡಿಯ ಹಳೆಯ ಆಂಪ್ಲಿಫೈಯರ್ ಕೊಂಡಿದ್ದ ಗೂಳಪ್ಪ ಕೂಡ ತನ್ನ ಗಡಸು ಗಂಟಲಲ್ಲಿ ‘ರೀ, ಕುಕ್ಕರ್ ಆಫ್ ಮಾಡಿ’ ಎಂದು ಭಾವಪೂರ್ಣವಾಗಿ ಹಾಡಿದ. ಕೊನೆಗೆ ಅವನು, ಅಮ್ಮಾವ್ರು ಚೆನ್ನಾಗಿದ್ದಾರಾ, ಈಗ ಹಾಡುವುದಿಲ್ಲವಾ ಎಂದು ವಿಚಾರಿಸಿದ. ಪೆನ್‌ಡ್ರೈವ್ ಇದೆಯಲ್ಲಪ್ಪ ಎಂದುಬಿಟ್ಟು ಗೋಪೀನಾಥರು ನಾಲಿಗೆ ಕಚ್ಚಿಕೊಂಡರು.

ಶುಕ್ರವಾರ ಸಂಜೆ ಅನಂತಲಕ್ಷ್ಮಿ ನಡುಮನೆಯಲ್ಲಿ ಕೂತು ಹುರುಳಿಕಾಯಿ ನಾರು ತೆಗೆಯುತ್ತಿದ್ದರು. ಗೋಪೀನಾಥರು ಹೆಲ್ಮೆಟ್ಟನ್ನೂ ತೆಗೆಯದೆ ಎದುರಿಗೆ ಬಂದು ಕುಳಿತರು.

“ಲಕ್ಷ್ಮೀ, ಪೆನ್‌ಡ್ರೈವ್ ಖಾಲಿ ಕಣೇ. ನಾನೇ ಅಳಿಸಿಬಿಟ್ಟೆ.”

“ಗೊತ್ತು.”

“ಯಾವಾಗಿಂದ?”

“ಮೊನ್ನೆ ಉಪ್ಪಿಟ್ಟಿಗೆ ಉಪ್ಪೇ ಹಾಕಿರಲಿಲ್ಲ. ಚೆನ್ನಾಗಿದೆ ಅಂತ ತಿಂದ್ರಲ್ಲ, ಆವಾಗಿಂದ.” ಅನಂತಲಕ್ಷ್ಮಿ ಒಂದು ಹುರುಳಿಕಾಯಿ ಮುರಿದರು. “ಎಲ್ಲೆಲ್ಲಿ ಹುಡುಕಿದ್ರಿ?”

ಗೋಪೀನಾಥರು ಮಾರೇನಹಳ್ಳಿಯಿಂದ ಸುಂಕದಕಟ್ಟೆಯವರೆಗೆ ಎಲ್ಲವನ್ನೂ ಒಪ್ಪಿಸಿದರು.

“ಅಡುಗೆಮನೆ ಒಂದು ಬಿಟ್ಟು,” ಅಂದರು ಅನಂತಲಕ್ಷ್ಮಿ.

ಗೋಪೀನಾಥರ ಮುಖ ಅರಳಿತು. ದಡಬಡನೆ ಎದ್ದು ಅಡುಗೆಮನೆಗೆ ಹೋದರು. ಸಾಸಿವೆ ಡಬ್ಬಿ ತೆರೆದರು, ಮೆಂತ್ಯದ ಡಬ್ಬಿ ತೆರೆದರು, ಹುಣಸೆಹಣ್ಣಿನ ಭರಣಿಗೆ ಕೈ ಹಾಕಿದರು. ಹೆಂಡತಿ ಎಲ್ಲೋ ಒಂದು ಕಾಪಿ ಬಚ್ಚಿಟ್ಟಿದ್ದಾಳೆಂದೇ ಅವರ ನಂಬಿಕೆ. ಅನಂತಲಕ್ಷ್ಮಿ ಬಾಗಿಲಿಗೆ ಬಂದು ನಿಂತು ಆ ಮನುಷ್ಯನನ್ನು ಸ್ವಲ್ಪ ಹೊತ್ತು ನೋಡಿದರು.

“ಅಲ್ಲೇನೂ ಇಲ್ಲ ರೀ. ನಾನಿದೀನಿ, ಅಷ್ಟೆ.”

ಗೋಪೀನಾಥರ ಕೈ ಹುಣಸೆಹಣ್ಣಿನಲ್ಲೇ ಉಳಿಯಿತು.

“ದಿನಾ ಹೋಗಿ ಹಾಡಿ ಬರ್ತಿದ್ದೆ,” ಅಂದರು ಅನಂತಲಕ್ಷ್ಮಿ. “ಚಳಿ ಅಂತ ನೀವು ರೆಕಾರ್ಡ್ ಮಾಡಿಕೊಟ್ರಿ. ನನಗೆ ಚಳಿ ಆಗ್ತಿರಲಿಲ್ಲ. ಪೆನ್‌ಡ್ರೈವ್ ಬಂದ ಮೇಲೆ ನನ್ನನ್ನ ಯಾರೂ ಕರೀಲಿಲ್ಲ.”

ಇಷ್ಟು ವರ್ಷ ತಾವು ಹೆಂಡತಿಗೆ ದೊಡ್ಡ ಉಪಕಾರ ಮಾಡಿದ್ದೇವೆಂದು ತಿಳಿದಿದ್ದ ಗೋಪೀನಾಥರು ಭರಣಿಯಿಂದ ಕೈ ಹೊರತೆಗೆದರು. ನಾಳೆ ಹಾಡುತ್ತೀಯಾ ಎಂದು ಸಣ್ಣ ದನಿಯಲ್ಲಿ ಕೇಳಿದರು. ಜನಕ್ಕೆ ಬೇಕಾಗಿರುವುದು ಆಗಿನ ದನಿ, ಈಗಿನದನ್ನು ಕೇಳಿದರೆ ನಗುತ್ತಾರೆ, ನನ್ನನ್ನು ಕೇಳಬೇಡಿ ಎಂದು ಅನಂತಲಕ್ಷ್ಮಿ ಹುರುಳಿಕಾಯಿ ತೊಳೆಯಲು ಹೋದರು. ಅಲ್ಲಿಗೆ ಮಾತು ಮುಗಿಯಿತು.

ಶನಿವಾರ ಬೆಳಿಗ್ಗೆ ಅನಂತಲಕ್ಷ್ಮಿ ಒಲೆಯ ಮೇಲೆ ಸಣ್ಣ ಉರಿಯಲ್ಲಿ ಕುಕ್ಕರ್ ಇಟ್ಟು, ಆರಿಸಿ ಬನ್ನಿ ಎಂದು ಹೇಳಿ ಮೊದಲೇ ಗುಡಿಗೆ ಹೊರಟರು. ಗೋಪೀನಾಥರು ಹ್ಞೂಂ ಎಂದರು. ಅವರ ತಲೆಯಲ್ಲಿ ಆಗ ಹ್ಞೂಂ ಬಿಟ್ಟರೆ ಬೇರೇನೂ ಇರಲಿಲ್ಲ.

ಗುಡಿ ತುಂಬಿತ್ತು. ಶಿವಾನಿಯೂ ಬಂದಿದ್ದಳು, ಗೂಳಪ್ಪನೂ ಬಂದಿದ್ದ. ಚನ್ನವೀರೇಶ್ ಗೋಪೀನಾಥರ ತಲೆಗೆ ಮೈಸೂರು ಪೇಟ ತೊಡಿಸಿ, ಸಾವಿನ ದವಡೆಯಿಂದ ಒಂದು ಜೀವವನ್ನು ಎಳೆದು ತಂದ ಮಹನೀಯರು ಎಂದು ಬಣ್ಣಿಸಿದರು. ಸುಧೀಂದ್ರಾಚಾರ್ಯರು ಪೆನ್‌ಡ್ರೈವನ್ನು ಕಣ್ಣಿಗೊತ್ತಿಕೊಂಡು ಸಿಕ್ಕಿಸಿ ಗುಂಡಿ ಒತ್ತಿದರು. ಏನೂ ಬರಲಿಲ್ಲ. ಐಸಿಯುವಿನಿಂದ ಈಗಷ್ಟೇ ಬಂದಿದೆಯಲ್ಲ, ಸುಧಾರಿಸಿಕೊಳ್ಳಲಿ ಎಂದು ಚನ್ನವೀರೇಶರು ಜನರಿಗೆ ಕೈ ತೋರಿಸಿದರು.

ಗೋಪೀನಾಥರು ಪೇಟ ತೆಗೆದು ಕೈಯಲ್ಲಿ ಹಿಡಿದುಕೊಂಡು ಮೈಕಿನ ಮುಂದೆ ಬಂದರು.

“ಅದು ಬದುಕಿದೆ. ಹಾಡಿಲ್ಲ. ಒರೆಸಿದ್ರೆ ಸಾಕಿತ್ತು, ನಾನು ಎಲ್ಲಾ ಅಳಿಸಿಬಿಟ್ಟೆ. ಹಾಡು ಇನ್ನು ಬರಲ್ಲ. ಎಲ್ಲರೂ ಕ್ಷಮಿಸಬೇಕು.”

ಚನ್ನವೀರೇಶರು ಹೊದಿಸಲು ಬಿಡಿಸಿದ್ದ ಶಾಲು ಗಾಳಿಯಲ್ಲೇ ನಿಂತಿತು. ರಾಮಕ್ಕ ಹೂ ಕಟ್ಟುವುದನ್ನು ನಿಲ್ಲಿಸಿದಳು. ಸುಧೀಂದ್ರಾಚಾರ್ಯರು ಗಂಧದ ಬಟ್ಟಲನ್ನು ಮೆಲ್ಲಗೆ ಪಂಚೆಯ ಹಿಂದೆ ಸರಿಸಿದರು. ಯಾರೂ ಬೈಯಲಿಲ್ಲ, ಅದೇ ಗೋಪೀನಾಥರಿಗೆ ಸಹಿಸಲಾಗಲಿಲ್ಲ. ಅವರು ತಲೆ ತಗ್ಗಿಸಿದರು.

ಆಗ ಹಾಡು ಬಂತು. ‘ಹಾಲು ಕಾದಿದೆ ಹನುಮ, ಹಾಸಿಗೆಯ ಬಿಡೋ.’

ಬಂತು ಬಂತು ಎಂದು ಚನ್ನವೀರೇಶ್ ಕೈಲಿದ್ದ ಶಾಲನ್ನು ಆಂಪ್ಲಿಫೈಯರಿಗೆ ಹೊದಿಸಿಬಿಟ್ಟರು. “ಮಿಷನ್ನಲ್ಲ ಕಣಪ್ಪ, ಅಮ್ಮಾವ್ರು,” ಅಂದಳು ರಾಮಕ್ಕ. ಹೆಂಗಸರ ಸಾಲಿನಲ್ಲಿ ಕಂಬದ ಪಕ್ಕ ನಿಂತು ಅನಂತಲಕ್ಷ್ಮಿ ಹಾಡುತ್ತಿದ್ದರು. ದನಿ ಮೊದಲಿಗಿಂತ ದಪ್ಪಗಾಗಿತ್ತು, ಅಲ್ಲಲ್ಲಿ ನಡುಗುತ್ತಿತ್ತು. ಮೇಲಿನ ಸ್ವರಕ್ಕೆ ಹೋದಾಗ ಒಡೆಯಿತು. ಯಾರೂ ನಗಲಿಲ್ಲ. ಶಿವಾನಿ ಆ ಸ್ವರವನ್ನು ಎತ್ತಿಕೊಂಡಳು, ಗೂಳಪ್ಪ ಕೆಳಗಿನ ಸ್ವರದಲ್ಲಿ ದನಿಗೂಡಿಸಿದ, ಆಮೇಲೆ ರಸ್ತೆಗೆ ರಸ್ತೆಯೇ ಸೇರಿಕೊಂಡಿತು. ಎಲ್ಲರಿಗೂ ಅದು ಬಾಯಿಪಾಠವಾಗಿತ್ತು. ಗೋಪೀನಾಥರಿಗೆ ಕಣ್ಣು ಮಂಜಾಗಿ ಏನೂ ಕಾಣಲಿಲ್ಲ.

ಎರಡನೆಯ ಚರಣ ಬಂತು. ಆ ಜಾಗ ಬಂದಾಗ ಅನಂತಲಕ್ಷ್ಮಿ ನಾಚಿ ಸುಮ್ಮನಾದರು. ಜನ ಮುಂದಕ್ಕೆ ಹೋಗಲಿಲ್ಲ. ತಾಳ ನಡೆಯುತ್ತಿತ್ತು, ಬಾಯಿಗಳು ಅರ್ಧ ತೆರೆದಿದ್ದವು, ಆಚಾರ್ಯರ ಮಂಗಳಾರತಿ ತಟ್ಟೆ ಹನುಮನ ಗದೆಯ ಹತ್ತಿರ ನಿಂತುಬಿಟ್ಟಿತ್ತು. ಆ ಸಾಲಿಲ್ಲದೆ ಮುಂದೆ ಹಾಡಲು ಇಡೀ ರಸ್ತೆಯಲ್ಲಿ ಒಬ್ಬರಿಗೂ ಬರುತ್ತಿರಲಿಲ್ಲ. ಅನಂತಲಕ್ಷ್ಮಿ ಗಂಡನ ಕಡೆ ನೋಡಿದರು. ಆ ಮುಖದಲ್ಲಿ ಏನು ಕಂಡಿತೋ, ನಗು ತಡೆಯಲಾಗದೆ, ರಾಗವಾಗಿ, “ರೀ, ಕುಕ್ಕರ್ ಆಫ್ ಮಾಡಿ” ಎಂದರು.

ಗುಡಿಯೆಲ್ಲ ಸಂತೋಷದಿಂದ ಅದನ್ನು ಎರಡು ಸಲ ಆವರ್ತಿಸಿತು. ಗೋಪೀನಾಥರು ಮಾತ್ರ ಹಾಡಲಿಲ್ಲ. ಅವರಿಗೆ ಕುಕ್ಕರ್ ನೆನಪಾಗಿತ್ತು. ಪೇಟ ಕಂಕುಳಲ್ಲಿ ಇರುಕಿಕೊಂಡು, ಬರಿಗಾಲಲ್ಲಿ, ತಮ್ಮದೇ ಫ್ಲೆಕ್ಸಿನ ಕೆಳಗೆ ಓಡಿದರು. ಅವರ ಹಿಂದೆ ಸಿದ್ದೇಶ್ ಓಡಿದ.

ಒಲೆ ಆರಿಸಿ ಇಬ್ಬರೂ ಅಡುಗೆಮನೆಯಲ್ಲಿ ಏದುಸಿರು ಬಿಡುತ್ತ ನಿಂತರು. ಅನ್ನ ಆವತ್ತೂ ಗಂಜಿಯಾಗಿತ್ತು. ಗುಡಿಯಿಂದ ಹಾಡು ಅಲ್ಲಿಯವರೆಗೂ ಕೇಳುತ್ತಿತ್ತು. ಸಿದ್ದೇಶ್ ಜೇಬಿನಿಂದ ಫೋನ್ ತೆಗೆದು, ಓಡಿಹೋಗಿ ರೆಕಾರ್ಡ್ ಮಾಡಿಕೊಂಡು ಬರುತ್ತೇನೆ ಸಾರ್, ನಾಲ್ಕು ಕಡೆ ಕಾಪಿ ಇಟ್ಟುಬಿಡೋಣ, ಇನ್ನು ಯೋಚನೆಯೇ ಇರುವುದಿಲ್ಲ ಎಂದ.

ಗೋಪೀನಾಥರು ಅವನ ಫೋನಿನ ಮೇಲೆ ಕೈಯಿಟ್ಟರು.

“ಬೇಡ ಕಣಪ್ಪ. ಅವಳಿಗೆ ಚಳಿ ಆಗಲ್ವಂತೆ.”